ತೊಂಬತ್ತಾರು ಮನೆ, ಎರಡು ಟಿಕೆಟ್

"ಇಷ್ಟು ಸಣ್ಣ ಊರಿಗೆ ಇಷ್ಟು ದೊಡ್ಡ ಗಂಟೆ ಯಾಕೆ?"

ರಾಜೀವಿ ಇದನ್ನು ಯಾರನ್ನೂ ಕೇಳಿದ್ದಲ್ಲ. ಬರ್ ದುಬೈಯ ಆ ಮನೆಯಲ್ಲಿ ಆಗ ಅವಳ ಹೊರತು ಯಾರೂ ಇರಲಿಲ್ಲ. ಒಲೆಯ ಮೇಲೆ ಕುಚ್ಚಲಕ್ಕಿ ಗಂಜಿ ಕುದಿಯುತ್ತಿತ್ತು. ಊಟದ ಮೇಜಿನ ಮೇಲೆ ಗಂಡ ಹಿಂದಿನ ದಿನ ತಂದಿಟ್ಟ ಫೋಟೋಗಳು ಹರಡಿದ್ದವು. ಒಂದರಲ್ಲಿ ಇಗರ್ಜಿಯ ಗಂಟೆಯೊಂದನ್ನು ಹಗ್ಗ ಕಟ್ಟಿ ಗಾಡಿಯಿಂದ ಇಳಿಸುತ್ತಿದ್ದರು. ಪಕ್ಕದಲ್ಲಿ ನಿಂತ ಪಾದ್ರಿಯ ಎದೆಯವರೆಗೆ ಗಂಟೆಯೇ ಇತ್ತು. ಉಳಿದವುಗಳಲ್ಲಿ ಒಂದು ಉದ್ದದ ಬೀದಿ, ಒಂದು ಕೆರೆ, ದಪ್ಪ ಗೆಡ್ಡೆ ಬೆಳೆಯುವ ಹೊಲಗಳು. ಮತ್ತೆ ಮನೆಗಳು, ತೊಂಬತ್ತಾರು. ಆ ಲೆಕ್ಕ ಅವಳದೇ. ಫೋಟೋಗಳ ಜೊತೆ ಬಂದ ನಕಾಶೆಯ ಮೇಲೆ ಬೆರಳಿಟ್ಟು ಎರಡು ಸಲ ಎಣಿಸಿದ್ದಳು.

ಊರಿನ ಹೆಸರು ಎರ್ಲೆನ್‌ರಾಟ್. ಜರ್ಮನಿಯಲ್ಲಿ, ರೈನ್ ನದಿಯ ಪಡುವಣಕ್ಕೆ.

ಅವಳ ಗಂಡ ಪುರಂದರ ಇಪ್ಪತ್ತಾರು ವರ್ಷಗಳಿಂದ ಕಟ್ಟಡಗಳ ಮಾಡೆಲ್ ಮಾಡುತ್ತಿದ್ದ. ಭಟ್ಕಳದ ಹುಸೈನ್ ಸಾಹೇಬರು ಅಲ್ ಕೂಜ್‌ನಲ್ಲಿ ನಡೆಸುವ ವರ್ಕ್‌ಶಾಪು. ಇನ್ನೂ ನೆಲದಿಂದ ಮೇಲೇಳದ ಗೋಪುರಗಳನ್ನು ಸೊಂಟದೆತ್ತರಕ್ಕೆ ಅಕ್ರಿಲಿಕ್ಕಿನಲ್ಲಿ ಕಟ್ಟಿ, ಒಳಗೆ ದೀಪ ಹಾಕಿ, ಫ್ಲ್ಯಾಟ್ ಕೊಳ್ಳುವವರ ಮುಂದೆ ಗಾಜಿನ ಪೆಟ್ಟಿಗೆಯಲ್ಲಿ ಇಡುವ ಕೆಲಸ. ಅವನು ಮಾಡಿದ ಗೋಪುರಗಳಲ್ಲಿ ಅರ್ಧಕ್ಕರ್ಧ ಕೊನೆಗೂ ಮೇಲೇಳಲೇ ಇಲ್ಲ. ಮಗ ಶ್ರವಣ್ ಅದೇ ವರ್ಕ್‌ಶಾಪಿನಲ್ಲಿ ಲೇಸರ್ ಮೆಷಿನ್ ನಡೆಸುತ್ತಿದ್ದ. ಮರಗಳು ಮಾತ್ರ ಮನೆಯಲ್ಲಿ ಹುಟ್ಟುತ್ತಿದ್ದವು. ತಂತಿ ಹೊಸೆದು ಕೊಂಬೆ ಮಾಡಿ, ಹಸಿರು ಬಣ್ಣದಲ್ಲಿ ಅದ್ದಿ ಒಣಗಿಸಿದ ಸ್ಪಂಜನ್ನು ಮಿಕ್ಸಿಯಲ್ಲಿ ಪುಡಿ ಮಾಡಿ, ಅಂಟು ಹಚ್ಚಿ ಉದುರಿಸುವುದು ರಾಜೀವಿಯ ಕೆಲಸ. ಆ ಜಾರಿನ ಹಿಡಿಗೆ ಕೆಂಪು ನೂಲು ಕಟ್ಟಿದ್ದಳು, ಮರೆತು ಯಾರೂ ಚಟ್ನಿ ಅರೆಯದಿರಲೆಂದು. ದುಬೈಯ ಎಷ್ಟೋ ಮಾಡೆಲುಗಳ ಖರ್ಜೂರದ ಮರಗಳು ಅವಳ ಬೆರಳಿನಿಂದ ಹೋದವು. ಅವುಗಳನ್ನು ನೆಟ್ಟ ಜಾಗ ಒಂದನ್ನೂ ಅವಳು ನೋಡಿರಲಿಲ್ಲ. ಶೋರೂಮಿಗೆ ಕರೆದವರಿಲ್ಲ, ಅವಳು ಕೇಳಿದ್ದೂ ಇಲ್ಲ.

ಆ ಶುಕ್ರವಾರ ಗಿರಾಕಿಯೇ ಮನೆಗೆ ಬಂದಳು. ಗಿಸೆಲಾ ಎಂಬ ಐವತ್ತರ ಹೆಂಗಸು. ಅಬುಧಾಬಿಯ ಖಾಲಿದಿಯಾದಲ್ಲಿ ವಾಸ, ಮದೀನತ್ ಜಾಯೆದ್ ಆಚೆಗಿನ ಗ್ಯಾಸ್ ಕಂಪನಿಯಲ್ಲಿ ಇಂಜಿನಿಯರ್. ಚಪ್ಪಲಿ ಬಾಗಿಲಲ್ಲಿ ಬಿಟ್ಟು, ನೀರುದೋಸೆಯನ್ನು ಮೊದಲು ಫೋರ್ಕಿನಲ್ಲಿ, ಆಮೇಲೆ ಕೈಯಲ್ಲಿ ತಿಂದು, ತನ್ನ ಊರಿನ ಕಥೆ ಹೇಳಿದಳು. ಅವಳ ಇಂಗ್ಲಿಷನ್ನು ಹನ್ನೆರಡನೆಯ ಕ್ಲಾಸಿನ ಮಗಳು ತೃಷಾ ಅಮ್ಮನಿಗೆ ತಿರುಗಿಸಿ ಹೇಳುತ್ತಿದ್ದಳು.

ಊರಿನ ಅಡಿಯಲ್ಲಿ ಕಲ್ಲಿದ್ದಲಿನ ಹಾಗಿನದೊಂದು ಕಂದು ಇದ್ದಲು ಇತ್ತು. ಗಣಿ ಕಂಪನಿ ಅದನ್ನು ಅಗೆಯುತ್ತ ಅಗೆಯುತ್ತ ಊರಿನ ಅಂಚಿಗೆ ಬಂದಿತ್ತು. ಜನರಿಗೆಲ್ಲ ಎಂಟು ಮೈಲು ಆಚೆ ಹೊಸ ಮನೆ ಕಟ್ಟಿ ಕೊಟ್ಟಾಗಿತ್ತು. ಈ ವರ್ಷ, ಎರಡು ಸಾವಿರದ ಹದಿನಾಲ್ಕರ ಜೂನಿನಲ್ಲಿ, ಹಳೆಯ ಊರಿನಲ್ಲಿ ಕೊನೆಯ ಬಂದೂಕಿನ ಹಬ್ಬ. ಕಂಬದ ತುದಿಯ ಮರದ ಹಕ್ಕಿಗೆ ಎಲ್ಲರೂ ಗುಂಡು ಹೊಡೆಯುವುದು, ಬೀಳಿಸಿದವನು ಒಂದು ವರ್ಷ ಊರಿನ ರಾಜ. ಹಬ್ಬ ಮುಗಿದ ಮೇಲೆ ಮನೆಗಳನ್ನು ಕೆಡಹುತ್ತಾರೆ. ಅಷ್ಟರೊಳಗೆ ಊರಿನ ಮಾಡೆಲ್ ಆಗಬೇಕು. ಅದು ಹೊಸ ಊರಿನ ಸಭಾಭವನದಲ್ಲಿ ಇರುತ್ತದೆ.

"ಇಲ್ಲಿ ನೀವು ಇಲ್ಲದ್ದನ್ನು ಮಾಡ್ತೀರಿ. ನನಗೆ ಇದ್ದದ್ದು ಬೇಕು" ಎಂದಳು ಗಿಸೆಲಾ. ಪುರಂದರ ಅದನ್ನು ಆ ವಾರವಿಡೀ ಸಿಕ್ಕಿದವರಿಗೆಲ್ಲ ಹೇಳಿಕೊಂಡು ತಿರುಗಿದ.

ಹೊರಡುವ ಮೊದಲು ಅವಳು ಇನ್ನೊಂದು ವಿಷಯ ಹೇಳಿದಳು. ಮೂರು ಮೀಟರಿನ ಮಾಡೆಲು ಒಂದೇ ತುಂಡಾಗಿ ವಿಮಾನ ಹತ್ತುವುದಿಲ್ಲ. ಆರು ಚೌಕ ಮಾಡಿ ಕಳಿಸಿ, ಅಲ್ಲಿ ಜೋಡಿಸಬೇಕು. ಅದಕ್ಕೆ ಊರಿನ ಸಮಿತಿ ಇಬ್ಬರನ್ನು ಕರೆಸಿಕೊಳ್ಳುತ್ತದೆ: ಮಾಡೆಲ್ ಮಾಡಿದವನು, ಮತ್ತು ಅವನ ಜೊತೆ ಕೈ ಹಾಕಿದ ಒಬ್ಬರು. ಆರು ದಿನ. ಹಬ್ಬಕ್ಕೂ ಇರಬೇಕು. ಉಳಿಯುವುದು ಅವಳ ಚಿಕ್ಕಪ್ಪ, ಊರಿನ ಬೇಕರಿಯ ಮಥಿಯಾಸನ ಮನೆಯಲ್ಲಿ.

ಗಿಸೆಲಾಳ ಲಿಫ್ಟು ಕೆಳಗಿಳಿಯುವ ಮೊದಲೇ ಪುರಂದರ ಅವಳು ಕೊಟ್ಟ ಫಾರ್ಮಿನಲ್ಲಿ ಎರಡನೆಯ ಹೆಸರು ಶ್ರವಣ್ ಎಂದು ಬರೆದಿದ್ದ.

"ಅಣ್ಣ ಯಾಕೆ?" ಎಂದು ರಾತ್ರಿ ಊಟಕ್ಕೆ ಕುಳಿತಾಗ ತೃಷಾ ಶುರು ಮಾಡಿದಳು. "ಜರ್ಮನ್‌ನಲ್ಲಿ ಹಲೋ ಹೇಳ್ಲಿಕ್ಕೆ ಗೊತ್ತುಂಟಾ ಅವನಿಗೆ? ನಾನು ಆ್ಯಪ್‌ನಲ್ಲಿ ಮೂರು ತಿಂಗಳಿಂದ ಕಲೀತಿದ್ದೇನೆ."

"ಹಲೋ ಹೇಳ್ಲಿಕ್ಕಲ್ಲ ಹೋಗುದು, ಜೋಡಿಸ್ಲಿಕ್ಕೆ" ಎಂದ ಶ್ರವಣ್.

"ಜೋಡಿಸ್ಲಿಕ್ಕೆ ಅಪ್ಪ ಇದ್ದಾರಲ್ಲ. ಸೋ ಅನ್‌ಫೇರ್."

"ನಿನ್ನ ಪರೀಕ್ಷೆಯ ರಿಸಲ್ಟ್ ಬರುವ ಹೊತ್ತಿಗೆ ನೀನು ಹಕ್ಕಿಗೆ ಗುಂಡು ಹೊಡೀಲಿಕ್ಕೆ ಹೋಗ್ತೀಯಾ?"

ಪುರಂದರ ಇಬ್ಬರಿಗೂ ಸುಮ್ಮನಿರಲು ಹೇಳಿ, ಬೂತಾಯಿ ಮೀನಿನ ಪುಳಿಮುಂಚಿಯ ತಲೆಯ ಭಾಗ ತನಗೆ ಹಾಕೆಂದು ತಟ್ಟೆ ಮುಂದೆ ಮಾಡಿದ. ರಾಜೀವಿ ಹಾಕಿದಳು. ಅವಳ ಹೆಸರನ್ನು ಯಾರೂ ಎತ್ತಲಿಲ್ಲ.

ಮರುದಿನ ತಂತಿಯ ಸುರುಳಿ ಹೊತ್ತುಕೊಂಡು ಹುಸೈನ್ ಸಾಹೇಬರ ಹೆಂಡತಿ ಅಝೀಝಾ ಬಂದಾಗ ರಾಜೀವಿ ಬಾಗಿಲು ಹಾಕಿದವಳೇ ಹೇಳಿದಳು.

"ಅಝೀಝಕ್ಕ, ನನಗೆ ಆ ಊರಿಗೆ ಹೋಗ್ಬೇಕು."

ಅಝೀಝಾ ಸುರುಳಿಯನ್ನು ನೆಲದಲ್ಲಿಟ್ಟು ಕುಳಿತುಕೊಂಡರು. "ಮನೆಯಲ್ಲಿ ಯಾರಿಗೆ ಹೇಳಿದ್ದೀರಿ?"

"ಯಾರಿಗೂ ಇಲ್ಲ. ನಿಮಗೆ."

"ನನಗೆ ಹೇಳಿದ್ರೆ ವೀಸಾ ನಾನು ಹೊಡೀತೇನಾ?"

ಇಬ್ಬರೂ ನಕ್ಕರು. ಆದರೆ ನಗು ನಿಂತ ಮೇಲೂ ರಾಜೀವಿಯ ಮುಖದ ಬಿಸಿ ಇಳಿಯಲಿಲ್ಲ. ಮೂವತ್ತು ವರ್ಷಗಳಲ್ಲಿ ತಾನು ಕಂಡ ದಾರಿ ಒಂದೇ ಎಂದು ಅವಳು ಹೇಳಿಕೊಂಡಳು, ಮಂಗಳೂರಿನಿಂದ ದುಬೈ, ದುಬೈಯಿಂದ ಮಂಗಳೂರು. ಅದೂ ಮದುವೆಗೋ ಸಾವಿಗೋ. ಯಾರಾದರೂ ಕರೆದು, 'ಬಾ, ನೀನು ಮಾಡಿದ್ದು ಇಲ್ಲಿಟ್ಟಿದ್ದೇವೆ, ನೋಡು' ಎಂದ ಜಾಗ ಲೋಕದಲ್ಲಿ ಇದೊಂದೇ. ಅಝೀಝಾ ಪೂರ್ತಿ ಕೇಳಿಸಿಕೊಂಡರು. ಬಾಯಿ ತೆರೆಯದವರಿಗೆ ಅಲ್ಲಾಹನೂ ಊಟ ತಿನ್ನಿಸುವುದಿಲ್ಲ ಎಂದು ಹೇಳಿ, ಚಹಾ ಕುಡಿದು ಹೋದರು.

ರಾಜೀವಿ ಬಾಯಿ ತೆರೆಯಲು ಎರಡು ತಿಂಗಳು ಬೇಕಾಯಿತು. ಅಷ್ಟರಲ್ಲಿ ಎರ್ಲೆನ್‌ರಾಟ್ ಮನೆಯೊಳಗೆ ಬಂದು ಕುಳಿತುಬಿಟ್ಟಿತ್ತು.

ವರ್ಕ್‌ಶಾಪಿನಲ್ಲಿ ಆಗ ದೊಡ್ಡ ಗೋಪುರಗಳ ಸರದಿ, ಜಾಗವಿರಲಿಲ್ಲ. ಹಾಗಾಗಿ ಚೌಕಗಳು ಒಂದೊಂದಾಗಿ ಮನೆಗೆ ಬಂದವು. ಮೊದಲನೆಯದು ಊಟದ ಮೇಜಿನ ಮೇಲೆ, ಎರಡನೆಯದು ಹಾಲಿನಲ್ಲಿ ಶ್ರವಣ್ ಮಲಗುವ ಸೋಫಾದ ಮೇಲೆ. ಊಟ ನೆಲಕ್ಕಿಳಿಯಿತು. ಶ್ರವಣ್ ಅಡುಗೆಮನೆಯ ಬಾಗಿಲಿಗೆ ಅಡ್ಡಲಾಗಿ ಚಾಪೆ ಹಾಸಿದ. ಬೆಳಿಗ್ಗೆ ಚಹಾಕ್ಕೆಂದು ಎದ್ದವರೆಲ್ಲ ಅವನನ್ನು ದಾಟಿಯೇ ಹೋಗಬೇಕಾಗಿತ್ತು. ಯಾರೂ ಬೇಸರ ಮಾಡಲಿಲ್ಲ. ಸಂಜೆ ಕೆಲಸದಿಂದ ಬಂದವರು ಮುಖ ತೊಳೆಯುವ ಮೊದಲು ಚೌಕದ ಮೇಲೆ ಬಗ್ಗಿ ಇವತ್ತು ಯಾರ ಮನೆಗೆ ಹಂಚಿನ ಮಾಡು ಕೂತಿತು ಎಂದು ನೋಡುತ್ತಿದ್ದರು. ಇಗರ್ಜಿಯ ಗೋಪುರ ಒಂದು ಗೇಣು ಎತ್ತರ. ಮನೆಯೆಂದರೆ ಬೆಂಕಿಪೊಟ್ಟಣದಷ್ಟು. ಮರಗಳು ಬೆರಳಿನ ಎರಡು ಗೆಣ್ಣಿನಷ್ಟು.

ಫೆಬ್ರವರಿಯ ಮೊದಲ ವಾರ ಎರಡು ಚೌಕಗಳ ಫೋಟೋ ತೆಗೆದು ಕಳಿಸಿದರು. ಎರಡು ದಿನ ಉತ್ತರವಿಲ್ಲ. ಶುಕ್ರವಾರ ಗಿಸೆಲಾ ತಾನೇ ಬಂದಳು. ಕೈಯಲ್ಲಿ ಮಥಿಯಾಸನ ಪತ್ರ. ಓದಲೋ ಬೇಡವೋ ಎಂದು ಸ್ವಲ್ಪ ಹೊತ್ತು ನೋಡಿ, ಓದಿದಳು. ತೃಷಾ ತಿರುಗಿಸಿ ಹೇಳಿದಳು.

"ನಮ್ಮ ಕೆರೆಯಲ್ಲಿ ಬಾತುಕೋಳಿಗಳು ಇದ್ದವು, ಸಿನಿಮಾ ನಟಿಯರಲ್ಲ. ಅದನ್ನು ಈಜುಕೊಳ ಮಾಡಿದವರು ಯಾರು? ಮನೆಗಳ ಮಾಡನ್ನೆಲ್ಲ ನಿನ್ನೆ ತೊಳೆದಿಟ್ಟ ಹಾಗೆ ಕಾಣ್ತದೆ. ನಮ್ಮ ಊರಿನಲ್ಲಿ ಮುನ್ನೂರು ವರ್ಷ ಮಳೆ ಬಂದಿದೆ ಅಂತ ಅವರಿಗೆ ಹೇಳು."

ಪುರಂದರ ಚೌಕದ ಕಡೆ ನೋಡಿದ. ಕೆರೆ ಹೌದು, ಹೊಳೆಯುವ ನೀಲಿ. ಇಪ್ಪತ್ತಾರು ವರ್ಷ ಯಾವ ಮಾಡೆಲಿನಲ್ಲಿ ನೀರು ಬಂದರೂ ಅವನ ಕೈ ಅದೇ ಡಬ್ಬಿಗೆ ಹೋಗಿತ್ತು. ಮಾಡುಗಳ ಮೇಲೆ ಒಂದು ಕಲೆ ಇಲ್ಲ, ಗೋಡೆಯಲ್ಲಿ ಬಿರುಕಿಲ್ಲ, ಮರಗಳು ಅಳತೆ ಕಡ್ಡಿಯಿಟ್ಟ ಹಾಗೆ ಸಾಲಾಗಿ ನಿಂತಿವೆ. ಯಾರೂ ಇನ್ನೂ ವಾಸಕ್ಕೆ ಬಾರದ ಊರು. ಅವನಿಗೆ ತಪ್ಪು ತಕ್ಷಣ ತಿಳಿಯಿತು. ಅದಕ್ಕೇ ಸಿಟ್ಟು ಬಂತು. ಫೋಟೋಗಳೆಲ್ಲ ಕಪ್ಪು ಬಿಳುಪು, ಕೆರೆ ಯಾವ ಬಣ್ಣ ಎಂದು ತನಗೇನು ಕನಸು ಬೀಳುತ್ತದೆಯೇ ಎಂದು ತುಳುವಿನಲ್ಲಿ ಗೊಣಗಿ, ನೀರು ಕುಡಿಯಲು ಒಳಗೆ ಹೋದ.

ರಾಜೀವಿ ಮಗಳನ್ನು ಕರೆದಳು. "ಕೇಳು ಅವಳನ್ನು. ಅಲ್ಲಿ ಮಳೆ ಯಾವ ಕಡೆಯಿಂದ ಹೊಡೀತದೆ?"

ಗಿಸೆಲಾ ಒಂದು ಕ್ಷಣ ಕಣ್ಣು ಮುಚ್ಚಿಕೊಂಡಳು. ಪಡುವಣದಿಂದ ಎಂದಳು.

"ನಮ್ಮಲ್ಲಿಯ ಹಾಗೇ" ಎಂದಳು ರಾಜೀವಿ. "ಹಾಗಾದ್ರೆ ಪಾಚಿ ಪಡುವಣದ ಮಾಡಿಗೆ."

ಗಿಸೆಲಾ ಹೋದ ಮೇಲೆ ಅವಳು ಚಹಾದ ಗಸಿಯನ್ನು ಬತ್ತಿಸಿ ಕರಿ ರಸ ಮಾಡಿದಳು. ಹಳೆಯ ಹಲ್ಲುಜ್ಜುವ ಬ್ರಶ್ಶಿನಿಂದ ಒಂದೊಂದೇ ಮಾಡಿನ ಪಡುವಣದ ಇಳಿಜಾರಿಗೆ ಸಿಂಪಡಿಸಿದಳು. ಹೊಗೆಕೊಳವೆಗಳ ಬುಡಕ್ಕೆ ಕಾವಲಿಯ ಮಸಿ. ಕೆರೆಗೆ ಕಾಫಿ, ಅದರ ಮೇಲೆ ತೆಳ್ಳಗೆ ಹಸಿರು. ಪುರಂದರ ಬಾಗಿಲಲ್ಲಿ ನಿಂತು ನೋಡಿದ. ನಾಲ್ಕನೆಯ ಮನೆಯ ಹೊತ್ತಿಗೆ ಬಂದು ಪಕ್ಕದಲ್ಲಿ ಕುಳಿತ. ಆರನೆಯ ಮನೆಯ ಹೊತ್ತಿಗೆ ಬ್ರಶ್ಶು ಕೇಳಿದ. ಅವಳು ಕೊಡಲಿಲ್ಲ, ಬೇರೆಯದು ತೆಗೆದುಕೊಳ್ಳಿ ಎಂದಳು. ಶ್ರವಣ್ ತನ್ನ ಸ್ವಂತ ಬ್ರಶ್ಶನ್ನೇ ತಂದು ಕೊಟ್ಟ. ಮೇಲಿನ ಮಹಡಿಯ ಮಗು ಅಳುವುದೂ ಕೆಳಗಿನ ಮೀನಾ ಬಜಾರಿನ ಶಟರ್ ಎಳೆಯುವುದೂ ಕೇಳುತ್ತಿದ್ದ ಆ ಸಂಜೆ, ಮೂವರೂ ಉಸಿರು ಬಿಗಿಹಿಡಿದು ಮುನ್ನೂರು ವರ್ಷದ ಮಳೆ ಸುರಿಸಿದರು.

ಆ ಫೋಟೋಗಳಿಗೆ ಉತ್ತರ ಬರಲು ಎರಡು ಗಂಟೆಯೂ ಹಿಡಿಯಲಿಲ್ಲ. ಮಥಿಯಾಸನದು ಒಂದೇ ಸಾಲು. ಈಗ ನನಗೆ ಬೂಟಿನಲ್ಲಿ ಕೆಸರು ಸಿಕ್ಕಿತು.

ಅಲ್ಲಿಂದ ಪ್ರಶ್ನೆಗಳು ಶುರುವಾದವು. ಪ್ರಶ್ನೆ ರಾಜೀವಿಯವು, ಆ್ಯಪ್ ಹಿಡಿದು ಜರ್ಮನ್‌ಗೆ ತಿರುಗಿಸಿ ಬರೆಯುವವಳು ತೃಷಾ, ಉತ್ತರಿಸುವವನು ಎಂಬತ್ತೊಂದರ ಮಥಿಯಾಸ. ಬಟ್ಟೆ ಒಣಗಿಸುತ್ತಿದ್ದದ್ದು ಎಲ್ಲಿ? ಕೋಳಿ ಯಾರ ಮನೆಯಲ್ಲಿ? ಶನಿವಾರ ಬೀದಿ ಗುಡಿಸುತ್ತಿದ್ದರೆಂದರೆ ಕಸ ಯಾವ ಕಡೆ ತಳ್ಳುತ್ತಿದ್ದರು? ಅವನು ಪುಟಗಟ್ಟಲೆ ಬರೆಯುತ್ತಿದ್ದ. ಬೀದಿ ಗುಡಿಸದ ಮನೆಗೆ ಭಾನುವಾರ ಪಾದ್ರಿಯೇ ಪೊರಕೆ ಕಳಿಸುತ್ತಿದ್ದನಂತೆ. ಹಿಂದೊಮ್ಮೆ ಸೈನಿಕರು ಇಡೀ ಊರು ಸುಟ್ಟಾಗ ಉಳಿದದ್ದು ಇಗರ್ಜಿಯ ಎದುರಿನ ಮರವೊಂದೇ, ಅದರ ಕೆಳಗೇ ಮೊದಲ ಚಳಿಗಾಲ ಕಳೆದರಂತೆ. ಆ ಮರಕ್ಕಾಗಿ ರಾಜೀವಿ ಮೂರು ದಿನ ತಂತಿ ಹೊಸೆದಳು. ಒಂದು ಪಕ್ಕ ಪೂರ್ತಿ ಬೋಳಾಗಿ, ಸುಟ್ಟ ಹಾಗೆಯೇ ಬಿಟ್ಟಳು.

ಗಂಟೆಯ ವಿಷಯವೂ ಹಾಗೇ ತಿಳಿಯಿತು. ಯುದ್ಧದ ಕಾಲದಲ್ಲಿ ಸರಕಾರ ಹಳೆಯ ಗಂಟೆಯನ್ನು ಕರಗಿಸಲು ಒಯ್ದಿತು. ಏಳು ವರ್ಷ ಊರಿನಲ್ಲಿ ಗಂಟೆಯಿಲ್ಲ. ಮದುವೆಗೂ ಸಾವಿಗೂ ಒಬ್ಬ ಹುಡುಗ ನೇಗಿಲ ಗುಳ ಬಡಿಯುತ್ತಿದ್ದ. ಅಕ್ಕಪಕ್ಕದ ಊರಿನವರು ನಗುತ್ತಿದ್ದರು. ಕೊನೆಗೆ ಮನೆಗೊಂದು ಹಂದಿ ಮಾರಿ ಹೊಸ ಗಂಟೆ ತರಿಸಿದಾಗ, ನಕ್ಕವರ ಮನೆಯ ಪಾತ್ರೆ ಅದುರುವಷ್ಟು ದೊಡ್ಡದೇ ಬೇಕೆಂದು ಹಟ ಹಿಡಿದರು.

ಪತ್ರ ಓದಿ ಮುಗಿಸಿದಾಗ ರಾಜೀವಿ ಕೈ ಮುಗಿದಳು. ಅವಳ ತಂದೆ ಕಾಪುವಿನ ಭಜನಾಮಂದಿರದಲ್ಲಿ ಪದ ಹೇಳುತ್ತಿದ್ದವರು. ಆಚೆ ಬೈಲಿನ ಮಂದಿರದವರು ದೊಡ್ಡ ತಾಳ ತಂದರೆಂದು ಇವರೂ ಕಂಚಿಗೆ ಚಂದಾ ಎತ್ತಿದ್ದು ಅವಳಿಗೆ ಗೊತ್ತಿತ್ತು. ದೇವರಿಗೆ ಯಾವುದೂ ಸಾಕಾಗುತ್ತದೆ, ಪಕ್ಕದ ಊರಿನವರಿಗೆ ಸಾಕಾಗುವುದಿಲ್ಲ ಎಂದಳು. ತೃಷಾ ಅದನ್ನೂ ಬರೆದು ಕಳಿಸಿದಳು. ಮಥಿಯಾಸ ಆ ಸಾಲನ್ನು ಬೇಕರಿಯ ಗೋಡೆಗೆ ಅಂಟಿಸಿದ್ದಾನೆಂದು ಗಿಸೆಲಾ ಹೇಳಿದಳು.

ಒಂದು ದಿನ ಮೂರನೆಯ ಚೌಕ ನೋಡುತ್ತಿದ್ದ ಶ್ರವಣ್ ಹೊಟ್ಟೆ ಹಿಡಿದು ನಗತೊಡಗಿದ. ಬೇಕರಿಯ ಹಿತ್ತಲಲ್ಲಿ ಒಂದು ಬಾಳೆಗಿಡ ನಿಂತಿತ್ತು. ಅಗಲ ಎಲೆ, ಸಣ್ಣದೊಂದು ಗೊನೆ ಸಹ.

"ಅಮ್ಮ, ಇದೆಂತ? ಜರ್ಮನಿಯಲ್ಲಿ ಬಾಳೆ?"

ರಾಜೀವಿ ನೋಡಿ ತಾನೇ ಬೆಚ್ಚಿದಳು. ಕೈ ಯಾವಾಗ ಮಾಡಿತೋ ತಿಳಿಯದು. "ಪಾತ್ರೆ ತೊಳೆದ ನೀರು ಅಲ್ಲಿಗೇ ಹೋಗುದು ಅಂತ ಮಥಿಯಾಸ ಬರ್ದಿದ್ದಾನೆ. ನೀರು ಹೋಗುವಲ್ಲಿ ಮತ್ತೆಂತ ನೆಡುದು?"

ತೃಷಾ ತಮಾಷೆಗೆಂದು ಅದರ ಫೋಟೋ ಕಳಿಸಿದಳು. ಉತ್ತರ ತಮಾಷೆಯಾಗಿ ಬರಲಿಲ್ಲ. ಅದೇ ಜಾಗದಲ್ಲಿ ತನ್ನ ತಾಯಿ ಅಗಲ ಎಲೆಯ ಹುಳಿ ದಂಟಿನ ಗಿಡ ಬೆಳೆಸುತ್ತಿದ್ದಳು, ಪಾತ್ರೆ ನೀರಿಗೆ ಅದು ಆನೆಯ ಕಿವಿಯಷ್ಟು ಎಲೆ ಬಿಡುತ್ತಿತ್ತು, ಇದು ತಾನು ಯಾರಿಗೂ ಹೇಳಿದ್ದಲ್ಲ, ಫೋಟೋದಲ್ಲೂ ಇಲ್ಲ ಎಂದು ಬರೆದಿದ್ದ. ಕೊನೆಯಲ್ಲಿ ಒಂದು ಪ್ರಶ್ನೆ. ನಮ್ಮ ಮರಗಳನ್ನು ಮಾಡುವವರು ಯಾರು?

ತೃಷಾ ಉತ್ತರ ಬರೆದಳು. ಅದರಲ್ಲಿ ಏನಿತ್ತೆಂದು ಮನೆಯಲ್ಲಿ ಹೇಳಲಿಲ್ಲ.

ಮಾರ್ಚಿನ ನಡುವೆ ಐದು ಚೌಕಗಳು ಆಗಿದ್ದವು. ಜೋಡಿಸುವ ಮಾತು ಬಂತು. ಚೌಕ ಚೌಕದ ನಡುವಿನ ಸೀಳು ಕಾಣಬಾರದು. ಅದನ್ನು ಮುಚ್ಚುವುದು ಮರ, ಬೇಲಿ, ಪೊದೆಗಳಿಂದ, ಅದೂ ಅಲ್ಲಿಯೇ, ಜೋಡಿಸಿದ ಮೇಲೆ. ಶ್ರವಣ್ ಅದನ್ನು ತಾನು ಮಾಡುತ್ತೇನೆಂದ. ನೆಲದ ಮೇಲೆ ಊಟಕ್ಕೆ ಕುಳಿತಿದ್ದರು. ರಾಜೀವಿ ಗಂಜಿ ಬಡಿಸುತ್ತಿದ್ದವಳು ಸೌಟನ್ನು ಪಾತ್ರೆಯಲ್ಲೇ ಬಿಟ್ಟಳು.

"ನಾನು ಹೋಗ್ತೇನೆ."

"ಎಲ್ಲಿಗೆ?" ಎಂದ ಪುರಂದರ.

"ಜರ್ಮನಿಗೆ. ನಿಮ್ಮ ಜೊತೆ."

ಶ್ರವಣ್ ನಕ್ಕ. ತೃಷಾ ನಗಲಿಲ್ಲ. ಪುರಂದರ ಉಪ್ಪಿನಕಾಯಿಯ ಭರಣಿ ಹತ್ತಿರ ಎಳೆದುಕೊಂಡು, ಫಾರ್ಮು ಯಾವತ್ತೋ ಹೋಗಿಯಾಯಿತು ಎಂದ. ಅಲ್ಲಿ ಚಳಿ ಎಂದ. ಹಂದಿಯಲ್ಲದೆ ಬೇರೆ ಊಟ ಸಿಗಲಿಕ್ಕಿಲ್ಲ ಎಂದ. ಭಾಷೆ ಬಾರದೆ ಮೂಲೆಯಲ್ಲಿ ಕೂರಬೇಕಾದೀತು ಎಂದ.

"ಇಲ್ಲಿ ಮೂವತ್ತು ವರ್ಷ ಯಾವ ಭಾಷೆ ಬಂತು ನನಗೆ? ಯಲ್ಲಾ, ಖಲಾಸ್, ಮಾಫಿ, ಮೂರು ಅರಬಿ ಶಬ್ದ. ಅಷ್ಟರಲ್ಲೇ ಮೀನು ತಂದಿದ್ದೇನೆ, ಮಕ್ಕಳನ್ನು ಆಸ್ಪತ್ರೆಗೆ ಒಯ್ದಿದ್ದೇನೆ."

"ಅದಲ್ಲ ಮಾರಾಯ್ತಿ. ಹುಡುಗ ಎಲ್ಲರಿಗೆ ಹೇಳಿಯಾಯ್ತು. ರಜೆ ಬರೆದುಕೊಟ್ಟಾಯ್ತು."

"ನನ್ನನ್ನು ಕೇಳಿದ್ರಾ, ಹೆಸರು ಬರೆಯುವಾಗ?"

ಆ ರಾತ್ರಿ ಗಂಜಿ ಅರ್ಧ ಉಳಿಯಿತು. ಮರುದಿನದಿಂದ ರಾಜೀವಿ ಅಡುಗೆ ಮಾಡಿದಳು, ಬಟ್ಟೆ ಒಗೆದಳು, ಮರ ಮಾಡಿದಳು, ಮಾತು ಮಾತ್ರ ಅಳೆದು ಆಡಿದಳು. ಪುರಂದರನಿಗೆ ಆ ಮೌನ ತಡೆಯಲಾಗಲಿಲ್ಲ. ಕೆಲಸ ಮಾಡುವಾಗ ಅವಳು ಗುನುಗುವ ಭಜನೆಯ ಲಯಕ್ಕೇ ಅವನ ಕೈ ಮನೆ ಅಂಟಿಸಲು ಕಲಿತಿತ್ತು. ಎರಡು ಮಾಡು ಓರೆಯಾಗಿ ಕುಳಿತವು. ಮೂರನೆಯ ಸಂಜೆ, ಒಂದು ಪದವನ್ನಾದರೂ ಹೇಳೆಂದು ಕೇಳಿದ. ಗಂಟಲು ಸರಿಯಿಲ್ಲ ಎಂದಳು.

ಏಪ್ರಿಲ್ ಮೊದಲ ಶುಕ್ರವಾರ ಗಿಸೆಲಾ ಊರಿನ ಮೊಹರಿದ್ದ ಲಕೋಟೆ ಹಿಡಿದುಕೊಂಡು ಬಂದಳು. ಸಮಿತಿಯ ಆಮಂತ್ರಣ. ತೃಷಾ ಗಟ್ಟಿಯಾಗಿ ಓದಿದಳು. ಮೊದಲ ಹೆಸರು ಪುರಂದರ ಸುವರ್ಣ. ಎರಡನೆಯದು ರಾಜೀವಿ ಸುವರ್ಣ. ಹೆಸರಿನ ಮುಂದೆ, 'ನಮ್ಮ ಮರಗಳನ್ನು ನೆಟ್ಟವರು' ಎಂದಿತ್ತು.

ಗಿಸೆಲಾ ಗಾಬರಿಯಾಗಿ ಒಬ್ಬೊಬ್ಬರ ಮುಖ ನೋಡಿದಳು. ಏನೋ ತಪ್ಪಾಯಿತೇ ಎಂದು ಕೇಳಿದಳು, ಅವಳ ಚಿಕ್ಕಪ್ಪ ಸಮಿತಿಯಲ್ಲಿ ಮೇಜು ಗುದ್ದಿ ಬರೆಸಿದ್ದಂತೆ. ಪುರಂದರನೇ ಮೊದಲು ಎದ್ದವನು. ತಪ್ಪಿಲ್ಲ, ಸರಿಯಾಗಿಯೇ ಇದೆ ಎಂದು ಹೇಳಿ, ಅವಳಿಗೆ ಚಹಾ ತರಲು ಒಳಗೆ ಹೋದ. ಮೂವತ್ತು ವರ್ಷಗಳಲ್ಲಿ ಅವನು ಬಂದವರಿಗೆ ಚಹಾ ಮಾಡಿದ್ದು ಅದೇ ಮೊದಲು. ಸಕ್ಕರೆ ಹಾಕಲು ಮರೆತಿದ್ದ.

ಅವಳು ಹೋದ ಮೇಲೆ ಶ್ರವಣ್ ತಂಗಿಯ ಮೇಲೆ ತಿರುಗಿದ.

"ನೀನೇ ಬರ್ದದ್ದಲ್ವಾ? ಚಾಡಿಕೋರಿ."

"ಅವರು ಮರ ಯಾರು ಮಾಡಿದ್ದು ಅಂತ ಕೇಳಿದ್ರು. ಅಮ್ಮ ಅಂತ ಬರ್ದೆ. ಬರುದು ಅವರಲ್ಲ, ಅಣ್ಣ ಅಂತ ಕೂಡ ಬರ್ದೆ. ಎವ್ರಿಥಿಂಗ್ ಟ್ರೂ."

"ನಿನಗೆ ಸಿಗ್ಲಿಲ್ಲ ಅಂತ ನನ್ನದನ್ನು ಕಿತ್ತುಕೊಂಡೆ."

"ನಿನ್ನದು ಯಾವಾಗ ಆಯ್ತು?" ಎಂದಳು ತೃಷಾ.

ಆದರೂ ಆ ವಾರ ಮನೆ ಹಬ್ಬದ ಮನೆಯಾಯಿತು. ಅಝೀಝಾ ತಮ್ಮ ದಪ್ಪ ಉಣ್ಣೆಯ ಕೋಟು ತಂದರು. ರಾಜೀವಿ ಅದನ್ನು ಸೀರೆಯ ಮೇಲೆ ಹಾಕಿಕೊಂಡು ಕನ್ನಡಿಯ ಮುಂದೆ ನಿಂತಾಗ ಅಝೀಝಾ ಹಾಸಿಗೆಯ ಮೇಲೆ ಬಿದ್ದು ನಕ್ಕರು. ಹುಸೈನ್ ಸಾಹೇಬರು ವೀಸಾಕ್ಕೆ ಬೇಕಾದ ಪತ್ರಕ್ಕೆ ಸಹಿ ಹಾಕುತ್ತ, ಇಷ್ಟು ವರ್ಷ ತನ್ನ ಮಾಡೆಲುಗಳ ಮರಗಳಿಗೆ ಒಂದು ಹೆಸರಿತ್ತೆಂದು ಇವತ್ತು ತಿಳಿಯಿತು ಎಂದರಂತೆ. ತೃಷಾ ಅಮ್ಮನಿಗೆ ಜರ್ಮನ್‌ನಲ್ಲಿ ಹತ್ತು ಮಾತು ಕಲಿಸಿದಳು. ರಾಜೀವಿ ಅವನ್ನು ಪದಗಳ ಹಾಗೆ ತಾಳ ಹಾಕಿಕೊಂಡು, ಒಗ್ಗರಣೆ ಹಾಕುವಾಗ, ತೆಂಗಿನಕಾಯಿ ತುರಿಯುವಾಗ, ಹೇಳಿ ಹೇಳಿ ಬಾಯಿಪಾಠ ಮಾಡಿದಳು. ಗುರುವಾರ ಸಂಜೆ ದೇವಸ್ಥಾನದ ಓಣಿಗೆ ಹೋಗಿ ಹೂವು ಕೊಟ್ಟು ಬಂದಳು. ಆರನೆಯ ಚೌಕದ ಕೊನೆಯ ಮನೆಗೆ ಪುರಂದರ ಮಾಡು ಕೂರಿಸುವಾಗ ಅವಳ ಗಂಟಲು ಸರಿಯಾಗಿತ್ತು.

ಭಾನುವಾರ ಬೆಳಿಗ್ಗೆ ವೀಸಾ ಕಚೇರಿಯಲ್ಲಿ ಹಾಜರಾಗಬೇಕಿತ್ತು. ಶನಿವಾರ ಮಧ್ಯಾಹ್ನ, ಅವಳು ಅಡುಗೆಮನೆಯ ನೆಲದಲ್ಲಿ ಕುಳಿತು ಬೂತಾಯಿ ತಿಕ್ಕಿ ತೊಳೆಯುತ್ತಿದ್ದಾಗ ಶ್ರವಣ್ ಬಂದು ಎದುರಿಗೆ ಕುಳಿತ. ವಾರದಿಂದ ಅವನು ಸರಿಯಾಗಿ ಉಂಡಿರಲಿಲ್ಲ.

"ಅಮ್ಮ, ಒಂದು ಕೇಳ್ತೇನೆ."

"ಕೇಳು."

ಅವನು ಬಡಬಡನೆ ಹೇಳಿದ. ಕೊಲೋನಿನಲ್ಲಿ ಮ್ಯೂಸಿಯಮ್ಮುಗಳಿಗೆ ಮಾಡೆಲ್ ಮಾಡುವ ಒಂದು ಕಂಪನಿ ಇದೆ. ಎರ್ಲೆನ್‌ರಾಟಿನಿಂದ ಒಂದು ಗಂಟೆಯ ದಾರಿ. ಜನವರಿಯಿಂದ ಅವರ ಜೊತೆ ಪತ್ರ ನಡೆದಿತ್ತು. ಬಂದಾಗ ಕೆಲಸ ನೋಡುತ್ತೇವೆ, ಕೈ ನೋಡುತ್ತೇವೆ ಎಂದು ಜೂನಿನಲ್ಲಿ ಒಂದು ದಿನ ಕೊಟ್ಟಿದ್ದರು. ಯಾರಿಗೂ ಹೇಳಿರಲಿಲ್ಲ, ಆದ ಮೇಲೆ ಹೇಳೋಣ ಎಂದಿದ್ದ. ಇಲ್ಲಿ ಲೇಸರ್ ಮೆಷಿನಿನ ಮುಂದೆ ಇನ್ನು ಎಷ್ಟು ವರ್ಷ? ತನ್ನಷ್ಟಕ್ಕೆ ಹೋಗೋಣವೆಂದರೆ ಕರೆಸಿಕೊಳ್ಳುವವರಿಲ್ಲದೆ ವೀಸಾ ಕೊಡುವುದಿಲ್ಲ.

ರಾಜೀವಿಯ ಕೈ ನಿಂತಿತು. "ಇದನ್ನು ಮೊದಲೇ ಹೇಳ್ಬಾರ್ದಿತ್ತಾ?"

"ಮೊದಲು ಹೆಸರು ನನ್ನದೇ ಇತ್ತಲ್ಲ." ಅವನು ಅವಳ ಮೊಣಕಾಲು ಮುಟ್ಟಿದ. "ಕಾಲುಗಂಟು ನೋವು ಅಂತ ನೀನೇ ಗಿಸೆಲಾ ಮೇಡಮಿಗೆ ಹೇಳು ಅಮ್ಮ. ನಾನು ಹೇಳಿದ್ರೆ ಕೆಟ್ಟದಾಗ್ತದೆ. ನೀನು ಹೇಳಿದ್ರೆ ಯಾರೂ ಎಂತ ಅನ್ನುದಿಲ್ಲ. ಮುಂದಿನ ವರ್ಷ ನಾನೇ ನಿನ್ನನ್ನು ಕರ್ಕೊಂಡು ಹೋಗ್ತೇನೆ, ದೇವರಾಣೆ."

"ಮುಂದಿನ ವರ್ಷ ಆ ಊರು ಎಲ್ಲಿರ್ತದೆ?"

ಬಾಗಿಲಲ್ಲಿ ಪುರಂದರ ಬಂದು ನಿಂತಿದ್ದ, ಎಷ್ಟು ಹೊತ್ತಿನಿಂದಲೋ. ಅವನ ಹಿಂದೆ ತೃಷಾ. ಪುರಂದರ ಗಂಟಲು ಸರಿಮಾಡಿಕೊಂಡ.

"ಹುಡುಗನ ಜೀವಮಾನದ ಪ್ರಶ್ನೆ, ರಾಜೀವಿ. ನಮ್ಮದು ಆರು ದಿನದ್ದು. ನಾನು ನಿನಗೆ ಬೇಡ ಅಂತ ಹೇಳುದಲ್ಲ. ನೀನೇ ಯೋಚನೆ ಮಾಡಿ, ಬಿಟ್ಟುಕೊಟ್ರೆ..."

ರಾಜೀವಿ ಎದ್ದು ನಲ್ಲಿಯ ಕೆಳಗೆ ಕೈ ಹಿಡಿದಳು. ಒಂದೊಂದೇ ಬೆರಳು ತೊಳೆದಳು, ಮೀನಿನ ಹುರುಪೆ ಹೋಗುವವರೆಗೆ. ಸ್ಟೂಲಿನ ಮೇಲೆ ನಾಳೆಗೆಂದು ಇಟ್ಟಿದ್ದ ಅವಳ ಪಾಸ್‌ಪೋರ್ಟನ್ನು, ಬಟ್ಟೆಯಲ್ಲಿ ಕೈ ಒರೆಸಿಕೊಂಡು, ಎತ್ತಿ ರವಿಕೆಯೊಳಗೆ ಸಿಕ್ಕಿಸಿದಳು.

"ನಿನ್ನ ಕೆಲಸಕ್ಕೆ ನೀನು ಬೇರೆ ದಾರಿ ಹುಡುಕು ಮಗಾ. ಆ ಕಂಪನಿಯವರಿಗೆ ನಾನೇ ಹೋಗಿ ನಿನ್ನ ವಿಷಯ ಹೇಳ್ಬೇಕಾದ್ರೆ ಹೇಳಿಯೂ ಬರ್ತೇನೆ." ಆಮೇಲೆ ಗಂಡನ ಕಡೆ ತಿರುಗಿದಳು. "ಆದ್ರೆ ಬಿಟ್ಟುಕೊಡುದಿಲ್ಲ. ಹೋಗುದು ನಾನೇ."